ಹಿಂದಕ್ಕೆ ಹರಿಯುವ ನದಿಯೂ ನಮ್ಮ ಮನೆಯ ಬಚ್ಚಲೂ

ನನಗೊಂದು ದೌರ್ಬಲ್ಯವಿದೆ, ಅದನ್ನು ಮೊದಲೇ ಒಪ್ಪಿಕೊಂಡುಬಿಡುವುದು ಕ್ಷೇಮ. ಯಾರಾದರೂ ಒಂದು ಸಂಗತಿಯನ್ನು ನನ್ನೆದುರಿಗೆ ನಿಶ್ಚಯವಾದ ಧ್ವನಿಯಲ್ಲಿ ಹೇಳಿದರೆ, ಅದರ ಮೇಲೆ ನನಗಿದ್ದ ಅಲ್ಪಸ್ವಲ್ಪ ನಂಬಿಕೆಯೂ ಆ ಕ್ಷಣವೇ ಹಾರಿಹೋಗುತ್ತದೆ. ವೈದ್ಯರು ರಕ್ತದೊತ್ತಡ ಇಷ್ಟು ಎಂದರೆ, "ನಿಮ್ಮ ಯಂತ್ರವನ್ನು ಕಡೆಯ ಸಲ ಪರೀಕ್ಷೆ ಮಾಡಿಸಿದ್ದು ಯಾವಾಗ?" ಎಂದು ಕೇಳಿ, ಮತ್ತೊಮ್ಮೆ ಅಳೆಸಿ, ಎರಡನೆಯ ಸಲ ಇನ್ನೂ ಹೆಚ್ಚು ಬಂದದ್ದಕ್ಕೆ ಯಂತ್ರವನ್ನೇ ಶಪಿಸುತ್ತ ಎದ್ದು ಬಂದವನು ನಾನು. ನಾವಿರುವುದು ಚೆನ್ನೈಯ ಕೀಲ್ಪಾಕಿನಲ್ಲಿ. ಇಲ್ಲಿ ವೈದ್ಯರಿಗೆ ಬರವಿಲ್ಲವಾದ್ದರಿಂದ ನನ್ನಂಥವನೂ ಇನ್ನೂ ಬದುಕಿದ್ದಾನೆ. ಒಬ್ಬರು ಕೈಮುಗಿದು ಸಾಗಹಾಕಿದರೆ ಎದುರು ಬೀದಿಯಲ್ಲಿ ಇನ್ನೊಬ್ಬರು ಸಿಗುತ್ತಾರೆ.

ಈ ಗುಣ ನನಗೆ ಹುಟ್ಟಿನಿಂದ ಬಂದದ್ದಲ್ಲ, ನೌಕರಿಯಿಂದ ಬಂದದ್ದು. ಎಸ್ಸೆಸ್ಸೆಲ್ಸಿ ಮುಗಿಸಿ ಬಂಗಾರಪೇಟೆಯಿಂದ ರೈಲು ಹತ್ತಿ ಬಂದು ಈ ಊರಿನಲ್ಲಿ ಇಳಿದವನು, ನಿವೃತ್ತನಾಗುವವರೆಗೆ ರೈಲ್ವೆಯ ಸೇತುವೆ ವಿಭಾಗದಲ್ಲಿ ಗುಮಾಸ್ತನಾಗಿದ್ದೆ. ಸೇತುವೆಯ ಕಂಬಗಳ ಮೇಲೆ ಅಡಿ, ಅಂಗುಲಗಳ ಗೆರೆ ಬಳಿದಿರುತ್ತಾರೆ. ಮಳೆಗಾಲದಲ್ಲಿ ಕಾವಲುಗಾರರು ನೀರು ಯಾವ ಗೆರೆಗೆ ಮುಟ್ಟಿತೆಂದು ದಿನವೂ ಬರೆದು ಕಳಿಸಬೇಕು. ನಾನು ಅದನ್ನು ರಿಜಿಸ್ಟರಿಗೆ ಏರಿಸಬೇಕು. ಒಮ್ಮೆ ಒಬ್ಬ ಕಾವಲುಗಾರ ಮೂರು ದಿನ ಒಂದೇ ಅಂಕಿಯನ್ನು ಬರೆದು ಕಳಿಸಿದ. ಮನೆಯಲ್ಲಿ ಕುಳಿತು ಬರೆಯುತ್ತಿದ್ದಾನೆಂದು ನನಗೆ ಖಾತ್ರಿಯಾಯಿತು. ಪ್ಯಾಸೆಂಜರ್ ಗಾಡಿ ಹಿಡಿದು, ಕೊಡೆ ಮುರಿದುಕೊಂಡು, ಆ ಸೇತುವೆಗೇ ಹೋದೆ. ಅವನು ಮನೆಯಲ್ಲಿ ಕುಳಿತು ಬರೆಯುತ್ತಿದ್ದುದು ನಿಜ. ಆದರೆ ಅವನ ಮನೆಯೊಳಗೇ ಮೊಣಕಾಲುದ್ದ ನೀರಿತ್ತು. ಅವನು ಮಂಚದ ಮೇಲೆ ಕುಳಿತಿದ್ದ. ಕಂಬದ ಮೇಲೆ ನೀರು ಮುಟ್ಟಿದ್ದ ಅಂಕಿಯೂ ಅವನು ಬರೆದು ಕಳಿಸಿದ್ದೇ ಆಗಿತ್ತು. ಮಂಚದ ಮೇಲೆ ನನಗೂ ಜಾಗ ಕೊಟ್ಟು ಚಹಾ ಕುಡಿಸಿ ಕಳಿಸಿದ. ಆದರೂ ಮೂರು ದಿನವೂ ಒಂದೇ ಅಂಕಿ ಹೇಗೆ ಬಂತೆಂಬ ಸಂಶಯ ನನಗೆ ಇಂದಿಗೂ ಪೂರ್ತಿ ಪರಿಹಾರವಾಗಿಲ್ಲ.

ಈಗ ನಮ್ಮ ಬಚ್ಚಲಿನ ವಿಷಯ. ನಾವಿರುವುದು ನಾಲ್ಕು ಮಹಡಿಯ ಕಟ್ಟಡದ ನೆಲಮಹಡಿಯಲ್ಲಿ. ಕಾರ್ತಿಕ, ಮಾರ್ಗಶಿರಗಳಲ್ಲಿ ಈ ಊರಿನ ಮಳೆ ಹಿಡಿದರೆ ಬೀದಿಯ ಚರಂಡಿ ತುಂಬುತ್ತದೆ. ತುಂಬಿದ ಚರಂಡಿಯ ನೀರು ತಾನು ಹೋಗಬೇಕಾದ ಕಡೆಗೆ ಹೋಗಲಾರದೆ, ನಮ್ಮ ಕೊಳವೆಯೊಳಗೆ ಹಿಂದಿರುಗಿ ಹರಿದು, ಬಚ್ಚಲಿನ ಕಿಂಡಿಯಿಂದ ಬುಳುಬುಳು ಎದ್ದು ಮನೆಯೊಳಕ್ಕೆ ಬರುತ್ತದೆ. ಮೇಲಿನ ಮಹಡಿಯವರು ತಮ್ಮ ತಮ್ಮ ಬಾಲ್ಕನಿಯಲ್ಲಿ ಬಜ್ಜಿ ತಿನ್ನುತ್ತ ಮಳೆಯ ಸೊಗಸನ್ನು ನೋಡುವ ಹೊತ್ತಿಗೆ ನಾನೂ ನನ್ನ ಹೆಂಡತಿ ವಿಮಲೆಯೂ ಅಕ್ಕಿಯ ಡಬ್ಬ, ಗ್ಯಾಸ್ ಸಿಲಿಂಡರು, ಅವಳ ಮದುವೆಯ ಕಾಲದ ಕಬ್ಬಿಣದ ಟ್ರಂಕು, ಇವನ್ನೆಲ್ಲ ಮಂಚದ ಮೇಲಕ್ಕೆ ಎತ್ತುತ್ತಿರುತ್ತೇವೆ. ಆರು ವರ್ಷಗಳಿಂದ ನಾನು ಪ್ರತಿ ಸಲವೂ ನೀರು ಮುಟ್ಟಿದ ಮಟ್ಟಕ್ಕೆ ನಡುಮನೆಯ ಗೋಡೆಯ ಮೇಲೆ ಪೆನ್ಸಿಲಿನಿಂದ ಗೆರೆ ಎಳೆದು, ತಾರೀಖು ಹಾಕಿ, ರುಜು ಮಾಡಿಟ್ಟಿದ್ದೇನೆ. ಆ ಗೋಡೆಗೆ ಬಣ್ಣ ಹೊಡೆಸಬೇಕೆಂದು ವಿಮಲೆಯ ಹಟ. ದಾಖಲೆಯನ್ನು ಅಳಿಸುವುದಕ್ಕೆ ನನ್ನ ಸಮ್ಮತಿಯಿಲ್ಲ.

ಇದಕ್ಕೆ ಪರಿಹಾರ ಅತಿ ಸುಲಭವಾದದ್ದು. ಕೊಳವೆ ಚರಂಡಿಗೆ ಸೇರುವ ಜಾಗದಲ್ಲಿ ಒಂದು ವಾಲ್ವ್ ಹಾಕಬೇಕು. ನೀರು ಹೊರಗೆ ಹೋಗುವಾಗ ತೆರೆದುಕೊಳ್ಳುತ್ತದೆ; ಹಿಂದಿರುಗಿ ಬಂದರೆ ಮುಚ್ಚಿಕೊಳ್ಳುತ್ತದೆ. ಆದರೆ ಆ ಕೊಳವೆ ಇಡೀ ಕಟ್ಟಡಕ್ಕೆ ಸೇರಿದ್ದಾದ್ದರಿಂದ ಮನೆಮಾಲೀಕರ ಸಂಘ ಒಪ್ಪಬೇಕು. ಸಂಘ ಎಂದರೆ ಅದರ ಕಾರ್ಯದರ್ಶಿ ನಟರಾಜನ್. ಬ್ಯಾಂಕಿನಲ್ಲಿ ಮ್ಯಾನೇಜರಾಗಿ ನಿವೃತ್ತರಾದವರು, ಮೂರನೆಯ ಮಹಡಿಯಲ್ಲಿರುವವರು. ಆರು ವರ್ಷವೂ ಅವರದು ಒಂದೇ ಉತ್ತರ: "ರಾವ್ ಸಾರ್, ತಣ್ಣಿ ಕೀಳೇದಾನ್ ಪೋಗುಂ. ತಿರುಂಬಿ ಎಪ್ಪಡಿ ಸಾರ್ ವರುಂ?" ನೀರು ಕೆಳಕ್ಕೇ ಹೋಗುವುದು, ಹಿಂದಿರುಗಿ ಹೇಗೆ ಬರುತ್ತದೆ ಎಂದು. ಗೋಡೆಯ ಗೆರೆಗಳನ್ನು ತೋರಿಸಿದರೆ ಕನ್ನಡಕವನ್ನು ಹಣೆಗೇರಿಸಿ ಹತ್ತಿರದಿಂದ ನೋಡುತ್ತಾರೆ. "ಕೋಡು ಯಾರ್ ವೇಣುಂನಾಲುಂ ಪೋಡಲಾಮೇ ಸಾರ್," ಎನ್ನುತ್ತಾರೆ. ಗೆರೆಯನ್ನು ಯಾರು ಬೇಕಾದರೂ ಎಳೆಯಬಹುದಂತೆ! ರೈಲ್ವೆಯ ರಿಜಿಸ್ಟರನ್ನು ಬರೆದ ಕೈ ಎಳೆದ ಗೆರೆಗೆ ಈ ಮರ್ಯಾದೆ. ನೀರು ಬಂದ ದಿನವೇ ಇಳಿದು ಬಂದು ನೋಡಿರೆಂದರೆ, ಮಳೆಯಲ್ಲಿ ಮೆಟ್ಟಿಲು ಜಾರುತ್ತದೆಂದು ಅವರು ಇಳಿಯುವುದಿಲ್ಲ.

ಆರನೆಯ ಮಳೆಗಾಲದ ಕೊನೆಯಲ್ಲಿ ವಿಮಲೆ ತನ್ನ ತೀರ್ಮಾನವನ್ನು ಹೇಳಿಬಿಟ್ಟಳು. "ನನ್ ಮಂಡಿ ನೋಡಿ. ಇನ್ನೊಂದು ಸಲ ಆ ಟ್ರಂಕ್ ಎತ್ತೋಕ್ಕೆ ನನ್ ಕೈಲಾಗಲ್ಲ. ಬರೋ ಮಳೆಗೆ ಮುಂಚೆ ವಾಲ್ವ್ ಬರ್ಲಿಲ್ಲ ಅಂದ್ರೆ ನಾನು ಪಲ್ಲಾವರದಲ್ಲಿ ಅಕ್ಕನ ಮನೆಗೆ ಹೋಗ್ತೀನಿ. ನೀವು ನಿಮ್ ಗೆರೆ ಜೊತೆ ಇರಿ." ವಿಮಲೆ ಬೆದರಿಕೆ ಹಾಕುವವಳಲ್ಲ, ವಿಮಾ ಕಚೇರಿಯಲ್ಲಿ ಮೂವತ್ತು ವರ್ಷ ದುಡಿದವಳು, ಷರತ್ತುಗಳನ್ನು ಮಾತ್ರ ಹೇಳುತ್ತಾಳೆ. ಆಮೇಲೆ ಅವಳೇ ಒಂದು ಉಪಾಯವನ್ನೂ ಹೂಡಿದಳು. ನಟರಾಜನ್ ಅವರು ಹಿರಿಯ ನಾಗರಿಕರ ತಂಡವೊಂದನ್ನು ಕಟ್ಟಿಕೊಂಡು ಐದು ದಿನ ಕಾಂಬೋಡಿಯಾಕ್ಕೆ ಹೊರಟಿದ್ದರು: ಪುರಾತನ ದೇವಾಲಯಗಳು, ತೇಲುವ ಹಳ್ಳಿಗಳು, ಮೂರು ಹೊತ್ತೂ ಇಡ್ಲಿ ಸಾಂಬಾರು. ನಮ್ಮಿಬ್ಬರ ಹೆಸರನ್ನೂ ಬರೆಸಿ ಬಂದು ಹೇಳಿದಳು:

"ಐದು ದಿನ ಅವರ ಜೊತೆ ಚೆನ್ನಾಗಿರಿ. ಅವರು ಹೇಳಿದ್ದಕ್ಕೆ ಹೂಂ ಅನ್ನಿ. ಗೈಡ್ ಹೇಳಿದ್ದಕ್ಕೂ ಹೂಂ ಅನ್ನಿ. ವಾಪಸ್ ಬಂದ ವಾರವೇ ಸಂಘದ ಮೀಟಿಂಗ್ ಇದೆ."

"ಸುಳ್ಳು ಹೇಳಿದರೂ ಹೂಂ ಅನ್ನಬೇಕೆ?"

"ಸುಳ್ಳಿಗಂತೂ ಎರಡು ಸಲ ಹೂಂ ಅನ್ನಿ."

ಹೀಗೆ, ಒಂದು ಬಚ್ಚಲಿನ ವಾಲ್ವಿಗಾಗಿ ನಾನು ಸಮುದ್ರ ದಾಟಿದೆ.

ವಿಮಾನ ನಿಲ್ದಾಣದ ತಪಾಸಣೆಯಲ್ಲಿ ನನ್ನ ಚೀಲದಿಂದ ಉಕ್ಕಿನ ಅಳತೆ ಟೇಪು ಹೊರಬಿದ್ದಾಗಲೇ ವಿಮಲೆಗೆ ಅನುಮಾನವಾಗಬೇಕಾಗಿತ್ತು. ಮೊದಲ ದಿನ ಅಂಗ್ಕೋರ್ ವಾಟ್. ಗೈಡು ಸೊಫೀಪ್ ಎಂಬ ಹುಡುಗಿ. ಅಗಲವಾದ ಹುಲ್ಲಿನ ಟೋಪಿ, ಕೈಯಲ್ಲಿ ಹಳದಿ ಬಾವುಟ. ಚೆನ್ನೈಯ ತಂಡಗಳನ್ನು ಸುತ್ತಿಸಿ ಸುತ್ತಿಸಿ ಬನ್ನಿ ಎನ್ನಲು "ವಾಂಗ ವಾಂಗ", ಹೋಗೋಣ ಎನ್ನಲು "ಪೋಲಾಂ ಪೋಲಾಂ" ಎಂದು ಕಲಿತಿದ್ದಳು, ಮಿಕ್ಕದ್ದೆಲ್ಲ ಇಂಗ್ಲಿಷ್. ಮುದುಕರನ್ನೆಲ್ಲ ತಾತಾ ಎನ್ನುತ್ತಿದ್ದಳು. ದೇವಾಲಯ ದೊಡ್ಡದು ಎಂಬುದನ್ನು ನಾನು ಅಲ್ಲಗಳೆಯುವುದಿಲ್ಲ. ನಡೆದು ನೋಡಿದ್ದೇನೆ, ಕಾಲುಗಳು ಸಾಕ್ಷಿ. ಆದರೆ ಈ ಕಲ್ಲುಗಳನ್ನೆಲ್ಲ ದೂರದ ಬೆಟ್ಟದಿಂದ ಕಾಲುವೆಯಲ್ಲಿ ತೇಲಿಸಿಕೊಂಡು ತಂದರು ಎಂದು ಅವಳು ಹೇಳಿದಾಗ ನನ್ನ ನಾಲಗೆ ತುದಿಯಲ್ಲಿ ಐದು ಪ್ರಶ್ನೆಗಳು ಸಾಲಾಗಿ ನಿಂತವು. ವಿಮಲೆ ನನ್ನ ಪಾದದ ಮೇಲೆ ತನ್ನ ಪಾದವನ್ನಿಟ್ಟಳು. ನಾನು ಹೂಂ ಎಂದೆ. ಪಕ್ಕದಲ್ಲಿ ನಟರಾಜನ್ ಅವರು ಇದೆಲ್ಲ ನಮ್ಮ ಕಾಂಚೀಪುರದ ಕಡೆಯಿಂದ ಹೋದವರ ಕೈಕೆಲಸವೇ ಎಂದು ತಂಡಕ್ಕೆ ವಿವರಿಸುತ್ತಿದ್ದರು. ಬಾದಾಮಿಯ ಕಡೆಯಿಂದ ಏಕೆ ಹೋಗಿರಬಾರದು ಎಂಬ ಆರನೆಯ ಪ್ರಶ್ನೆಯನ್ನೂ ನುಂಗಿಕೊಂಡೆ. ಅದಕ್ಕೂ ಹೂಂ ಎಂದೆ. ಮಧ್ಯಾಹ್ನದ ಹೊತ್ತಿಗೆ ನನ್ನ ಗಂಟಲು ನೋಯತೊಡಗಿತು.

ಸಮುದ್ರಮಥನದ ಗೋಡೆಯ ಮುಂದೆ ಮಾತ್ರ ತಡೆಯಲಾಗಲಿಲ್ಲ. ವಾಸುಕಿಯನ್ನು ಒಂದು ಕಡೆ ಅಸುರರು, ಇನ್ನೊಂದು ಕಡೆ ದೇವತೆಗಳು ಹಿಡಿದೆಳೆಯುವ ಚಿತ್ರ. ಗೋಡೆಯ ಉದ್ದಕ್ಕೂ ಕೆತ್ತಿದ್ದಾರೆ. ಸೊಫೀಪ್ ದೇವತೆಗಳು ಎಂಬತ್ತೆಂಟು ಎಂದಳು. ನಾನು ಯಾರೊಡನೆಯೂ ವಾದ ಮಾಡಲಿಲ್ಲ. ಸುಮ್ಮನೆ ಆ ತುದಿಗೆ ಹೋಗಿ ಎಣಿಸಿಕೊಂಡು ಬಂದೆ. ಎಂಬತ್ತೇಳು. ಮನಸ್ಸು ಎಷ್ಟು ಹಗುರವಾಯಿತೆಂದರೆ, ಖಚಿತಪಡಿಸಿಕೊಳ್ಳಲೆಂದು ಈ ತುದಿಯಿಂದ ಮತ್ತೆ ಎಣಿಸಿದೆ. ಎಂಬತ್ತೊಂಬತ್ತು. ನಮ್ಮ ತಂಡ ಬಸ್ಸಿನಲ್ಲಿ ಕುಳಿತು ಹಾರ್ನ್ ಹೊಡೆಸುತ್ತಿತ್ತು. ವಿಮಲೆ ಹುಡುಕಿಕೊಂಡು ಬಂದು, ನನ್ನ ಎರಡು ಅಂಕಿಗಳನ್ನೂ ಕೇಳಿ, "ಎರಡನ್ನೂ ಕೂಡಿ ಅರ್ಧ ಮಾಡಿ," ಎಂದಳು. ಮಾಡಿದೆ. ಎಂಬತ್ತೆಂಟು. ಬಸ್ಸಿನವರೆಗೂ ಅವಳು ನಕ್ಕಳು. ನಾನು ದೇವತೆಗಳ ಮೇಲಿನ ನಂಬಿಕೆಯನ್ನೂ ಸ್ವಲ್ಪ ಕಳೆದುಕೊಂಡೆ.

ಎರಡನೆಯ ದಿನ, ಮರದ ಬೇರುಗಳು ಗೋಡೆಗಳನ್ನು ತಬ್ಬಿಕೊಂಡಿರುವ ಇನ್ನೊಂದು ದೇವಾಲಯ. ಅಲ್ಲಿ ಒಂದು ಬೇರಿನ ಸುತ್ತಳತೆ ತೆಗೆಯಲು ಟೇಪನ್ನು ಹೊರಗೆಳೆದೆನೋ ಇಲ್ಲವೋ, ಕಾವಲುಗಾರ ಸೀಟಿ ಊದಿಕೊಂಡು ಓಡಿ ಬಂದ. ನಟರಾಜನ್ ಅವರೇ ನಡುವೆ ಬಂದು, "ಪೆರಿಯವರ್, ರಿಟೈರ್ಡ್ ರೈಲ್ವೇಸ್," ಎಂದು, ವಯಸ್ಸಾದವರೆಂದು ಹೇಳಿ ನನ್ನನ್ನು ಬಿಡಿಸಿದರು. ಆ ಸಂಜೆ ಹೋಟೆಲಿನ ಮೊಗಸಾಲೆಯಲ್ಲಿ ಇಬ್ಬರೂ ಒಟ್ಟಿಗೆ ಕಾಫಿ ಕುಡಿದೆವು. ನಾನು ಒಂಬತ್ತು ಸಲ ಹೂಂ ಎಂದೆ. ಏಳುವಾಗ ಅವರು ನನ್ನ ಭುಜ ತಟ್ಟಿ, "ಅಂದ ವಾಲ್ವ್ ವಿಷಯಂ ಕೂಡ ಪಾಪ್ಪೋಂ ಸಾರ್," ಎಂದರು. ನೋಡೋಣ ಎಂದರು! ಆರು ವರ್ಷದಲ್ಲಿ ಮೊದಲ ಬಾರಿಗೆ! ವಿಮಲೆ ಕೋಣೆಗೆ ಬಂದವಳೇ ಅಕ್ಕನಿಗೆ ಫೋನ್ ಮಾಡಿ, ಬಹುಶಃ ಬರುವುದಿಲ್ಲವೆಂದು ತಿಳಿಸಿದಳು.

ಮೂರನೆಯ ದಿನ ತೇಲುವ ಹಳ್ಳಿ. ಮಹಾ ಸರೋವರವೊಂದಕ್ಕೆ ಸೇರುವ ಕೆಸರುಬಣ್ಣದ ಕಾಲುವೆಯಲ್ಲಿ ದೋಣಿ ಹೊರಟಿತು. ನೀರಿನ ಮೇಲೆ ತೇಲಾಡುವ ಮನೆಗಳನ್ನು ನೋಡುತ್ತೇವೆಂದು ಎಲ್ಲರೂ ಫೋನುಗಳನ್ನು ಎತ್ತಿ ಹಿಡಿದಿದ್ದರು. ಹಳ್ಳಿ ಬಂತು. ಒಂದು ಮನೆಯೂ ತೇಲುತ್ತಿರಲಿಲ್ಲ. ತೆಂಗಿನ ಮರದಷ್ಟು ಎತ್ತರದ ಕಂಬಗಳ ಮೇಲೆ ಮನೆಗಳು ಆಕಾಶದಲ್ಲಿ ನಿಂತಿದ್ದವು. ಕೆಳಗೆ ಒಣನೆಲದಲ್ಲಿ ಕೋಳಿಗಳು ಕೆದಕುತ್ತಿದ್ದವು. ಕೋಳಿ ಕೆದಕುವ ಜಾಗವನ್ನು ತೇಲುವ ಹಳ್ಳಿಯೆಂದು ಅಚ್ಚು ಹಾಕಿಸಿ ಕರೆತಂದಿದ್ದಾರೆ! ವಿಮಲೆಯ ಪಾದ ಸಿದ್ಧವಾಗಿಯೇ ಇತ್ತು. ತಡೆದುಕೊಂಡೆ.

ಆಗ ಸೊಫೀಪ್ ಎದ್ದು ನಿಂತು ವಿವರಿಸತೊಡಗಿದಳು. ಈಗ ಬೇಸಿಗೆ, ಮಳೆಗಾಲದಲ್ಲಿ ನೀರು ಈ ಮನೆಗಳ ಬಾಗಿಲವರೆಗೂ ಬರುತ್ತದೆ. ಇಲ್ಲಿಂದ ಆಚೆ, ಸರೋವರದ ಒಳಗೆ, ನಿಜವಾಗಿ ತೇಲುವ ಮನೆಗಳೂ ಇವೆ. ಈ ಸರೋವರದಿಂದ ಒಂದು ನದಿ ಹೊರಟು ಇನ್ನೊಂದು ದೊಡ್ಡ ನದಿಯನ್ನು ಸೇರುತ್ತದೆ. ಆದರೆ ಮಳೆಗಾಲದಲ್ಲಿ ಆ ದೊಡ್ಡ ನದಿ ಎಷ್ಟು ಉಕ್ಕುತ್ತದೆಂದರೆ, ಈ ನದಿ ಮುಂದೆ ಹೋಗಲಾರದೆ ತಿರುಗಿ ನಿಂತು, ಹಿಂದಕ್ಕೆ ಹರಿದು, ಹೊರಟ ಸರೋವರಕ್ಕೇ ಬಂದು ತುಂಬುತ್ತದೆ. ಪ್ರತಿವರ್ಷವೂ.

ಪ್ರಿಯ ವಾಚಕರೇ, ನದಿ ಹಿಂದಕ್ಕೆ ಹರಿಯುತ್ತದೆ ಎಂದು ಒಬ್ಬ ಹುಡುಗಿ ರೈಲ್ವೆ ಸೇತುವೆ ವಿಭಾಗದ ಗುಮಾಸ್ತನ ಮುಖದೆದುರು ಹೇಳಿದರೆ ಅವನೇನು ಮಾಡಬೇಕು? ಎರಡೂವರೆ ದಿನ ನುಂಗಿದ ಹೂಂಗಳೆಲ್ಲ ಒಮ್ಮೆಗೇ ಮೇಲೆ ಬಂದವು. ದೋಣಿ ಓಲಾಡುವುದನ್ನೂ ಲೆಕ್ಕಿಸದೆ ಎದ್ದು ನಿಂತೆ. ನಾನು ನೋಡಿದ ನದಿಗಳ ಹೆಸರುಗಳನ್ನು ಹೇಳಿದೆ. ಪಾಲಾರ್, ಪೊನ್ನೈಯಾರ್, ಪೆಣ್ಣಾರ್, ಕಾವೇರಿ. ಯಾವ ನದಿಯೂ ಯಾವ ಸೇತುವೆಯ ಕೆಳಗೂ ಒಂದು ದಿನವೂ ಹಿಂದಕ್ಕೆ ಹರಿದ ದಾಖಲೆ ನನ್ನ ರಿಜಿಸ್ಟರಿನಲ್ಲಿಲ್ಲ ಎಂದೆ. ನೀರಿನ ಧರ್ಮ ಇಳಿಯುವುದು; ಇಳಿದ ನೀರು ಹಿಂದಿರುಗಿ ಬರುವುದೆಂಬುದು ಪ್ರವಾಸಿಗಳನ್ನು ರಂಜಿಸಲು ಕಟ್ಟಿದ ಕಥೆ ಎಂದೆ. ಅವಳು ಫೋನಿನಲ್ಲಿ ಒಂದು ವಿಡಿಯೋ ತೋರಿಸಿದಳು. ನದಿಯ ನೀರು ಸರೋವರದ ಕಡೆಗೆ ಹರಿಯುತ್ತಿತ್ತು. ವಿಡಿಯೋವನ್ನು ತಿರುಗಿಸಿ ಓಡಿಸಲು ನನ್ನ ಮೊಮ್ಮಗಳಿಗೂ ಬರುತ್ತದೆ ಎಂದೆ. ಅವಳು ಪಕ್ಕದ ಮನೆಯ ಕಂಬವನ್ನು ತೋರಿಸಿದಳು. ಅದರ ಮೇಲೆ ಮನೆಯವರು ವರ್ಷವರ್ಷವೂ ನೀರು ಮುಟ್ಟಿದ ಮಟ್ಟಕ್ಕೆ ಕತ್ತಿಯಿಂದ ಗೀರಿದ ಗೆರೆಗಳಿದ್ದವು. ನಾನು ಕೈಬೀಸಿ ಹೇಳಿದೆ:

"ಗೆರೆಯನ್ನು ಯಾರು ಬೇಕಾದರೂ ಎಳೆಯಬಹುದು!"

ದೋಣಿಯ ಇನ್ನೊಂದು ತುದಿಯಿಂದ ಒಂದು ಚಪ್ಪಾಳೆ ಕೇಳಿಸಿತು. ನಟರಾಜನ್ ಎದ್ದು ನಿಂತಿದ್ದರು. ಅವರ ಕಣ್ಣಲ್ಲಿ ಆನಂದಬಾಷ್ಪವೇ ಇತ್ತೆಂದು ತೋರುತ್ತದೆ. "ಅದೇದಾನ್ ಸಾರ್! ಅದೇದಾನ್ ನಾನ್ ಆರು ವರುಷಮಾ ಸೊಲ್ರೇನ್! ತಣ್ಣಿ ತಿರುಂಬಿ ವರಾದು! ಇಪ್ಪೋ ನೀಂಗಳೇ ಸೊಲ್ಲಿಟ್ಟೀಂಗ!" ಆರು ವರ್ಷದಿಂದ ತಾವು ಹೇಳುತ್ತಿದ್ದುದನ್ನು ಈಗ ನಾನೇ ಹೇಳಿಬಿಟ್ಟೆನೆಂದು, ತಂಡದ ಹದಿನಾಲ್ಕು ಜನರೂ ಸಾಕ್ಷಿಯೆಂದು.

ನಾನು ನಿಧಾನವಾಗಿ ಕುಳಿತೆ. ಪಾದದ ಮೇಲೆ ವಿಮಲೆಯ ಪಾದವಿರಲಿಲ್ಲ. ಅವಳು ನೀರಿನ ಕಡೆಗೆ ಮುಖ ಮಾಡಿ, ಫೋನಿನಲ್ಲಿ ಅಕ್ಕನ ನಂಬರನ್ನು ಹುಡುಕುತ್ತಿದ್ದಳು.

ಗೆರೆಗಳಿದ್ದ ಆ ಮನೆಯ ಬಳಿಯೇ ದೋಣಿ ನಿಂತಿತು. ಅಲ್ಲಿ ಹತ್ತಿ ಹೋಗಿ ಎಳನೀರು ಕುಡಿಯುವುದು ಕಾರ್ಯಕ್ರಮದಲ್ಲಿತ್ತು. ಏಣಿಯಂಥ ಮೆಟ್ಟಿಲುಗಳನ್ನು ನಟರಾಜನ್ ಅವರು ಹತ್ತಲಿಲ್ಲ, ಜಾರುತ್ತದೆಂದು. ವಿಮಲೆ ಮಾತ್ರ ನೋಯುವ ಮಂಡಿಯಲ್ಲೇ ಹತ್ತಿದಳು. ನನ್ನ ಪಕ್ಕದಲ್ಲಿ ಕೂರುವುದಕ್ಕಿಂತ ಅದೇ ಸುಖವೆನಿಸಿರಬೇಕು. ನಾನು ಹಿಂದೆಯೇ ಹತ್ತಿದೆ. ಮನೆಯ ಯಜಮಾನಿ ಹಲ್ಲಿಲ್ಲದ ಮುದುಕಿ, ಸೊಂಟಕ್ಕೊಂದು ಚೌಕಳಿ ಬಟ್ಟೆ ಸುತ್ತಿಕೊಂಡವಳು. ನೆಲ ಬಿದಿರಿನದು, ಸಂದಿನಿಂದ ಬಹಳ ಕೆಳಗೆ ಕೋಳಿಗಳು ಕಾಣುತ್ತಿದ್ದವು. ಸೂರಿನ ತೊಲೆಗೆ ಹಗ್ಗದಿಂದ ಬಿಗಿದು ಒಂದು ತಗಡಿನ ಟ್ರಂಕನ್ನು ತೂಗುಹಾಕಿದ್ದರು.

ಸೋತಿದ್ದರೂ ಅಭ್ಯಾಸ ಬಿಡಲಿಲ್ಲ. ಸೊಫೀಪಳನ್ನು ಕೇಳಿದೆ: "ನೀರು ಬರುವುದಕ್ಕೆ ಇನ್ನೂ ನಾಲ್ಕು ತಿಂಗಳಿದೆ ಎನ್ನುತ್ತೀಯೆ. ಹಾಗಾದರೆ ಇವಳ ಟ್ರಂಕು ಈಗ ಏಕೆ ಮೇಲಿದೆ?"

ಅವಳು ಮುದುಕಿಯನ್ನು ಕೇಳಿದಳು. ಮುದುಕಿ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ ಏನೋ ಹೇಳಿದಳು. ಸೊಫೀಪ್ ಬಾಯಿಗೆ ಟೋಪಿ ಅಡ್ಡ ಹಿಡಿದು ನಕ್ಕಳು, ಹೇಳಲು ಹಿಂಜರಿದಳು. ವಿಮಲೆ ಒತ್ತಾಯ ಮಾಡಿದ ಮೇಲೆ ಹೇಳಿದಳು: "ಅಜ್ಜಿ ಕೇಳುತ್ತಾಳೆ, ನೀರು ಬರುವುದಿಲ್ಲ ಅನ್ನುವ ತಾತ, ಬಂದ ದಿನ ಬಂದು ಟ್ರಂಕು ಎತ್ತಿಕೊಡುತ್ತಾರೆಯೇ?"

ವಿಮಲೆ ಮುದುಕಿಯ ಕೈಯನ್ನು ಹಿಡಿದುಕೊಂಡಳು. ಭಾಷೆಯಿಲ್ಲದೆ ತನ್ನ ಮಂಡಿಯನ್ನು ತೋರಿಸಿದಳು. ಮುದುಕಿ ತನ್ನದನ್ನು ತೋರಿಸಿದಳು. ಇಬ್ಬರೂ ಒಮ್ಮೆಗೇ ತಿರುಗಿ ನನ್ನನ್ನು ನೋಡಿದರು. ನಾನು ಕೆಳಗಿಳಿದು ಕಂಬದ ಹತ್ತಿರ ಹೋದೆ. ಹತ್ತಿರದಿಂದ ನೋಡಿದರೆ, ಪ್ರತಿ ಗೆರೆಯ ಕೆಳಗೂ ಮರ ಒಂದು ಬಣ್ಣ, ಮೇಲೆ ಇನ್ನೊಂದು ಬಣ್ಣ. ನೀರು ತಿಂಗಳುಗಟ್ಟಲೆ ನಿಂತಲ್ಲದೆ ಆ ಬಣ್ಣ ಬರುವುದಿಲ್ಲ. ಸೇತುವೆಯ ಕಂಬಗಳಲ್ಲಿ ನಾನು ನೂರು ಸಲ ನೋಡಿದ ಬಣ್ಣ ಅದು. ಟೇಪು ತೆಗೆದೆ. ಯಾರೂ ಸೀಟಿ ಊದಲಿಲ್ಲ. ಅತಿ ಮೇಲಿನ ಗೆರೆಯವರೆಗೆ ನನ್ನ ಟೇಪೇ ಸಾಲಲಿಲ್ಲ. ದೋಣಿ ಹತ್ತುವಾಗ ಸೊಫೀಪ್ ಕೈಕೊಟ್ಟು ಹೇಳಿದಳು: "ತಾತಾ, ಮಳೆಗಾಲದಲ್ಲಿ ಬನ್ನಿ. ನಾನು ಏನೂ ಹೇಳುವುದಿಲ್ಲ. ನೀವೇ ನೋಡಿ." ಆ ಪ್ರವಾಸದಲ್ಲಿ ನಾನು ಮನಃಪೂರ್ವಕವಾಗಿ ಹೇಳಿದ ಹೂಂ ಅದೊಂದೇ.

ಆದರೆ ಅದರಿಂದ ವಾಲ್ವ್ ಬರುವುದಿಲ್ಲವಲ್ಲ! ಬಸ್ಸಿನಲ್ಲಿ, ವಿಮಾನದಲ್ಲಿ, ಚೆನ್ನೈಗೆ ಬಂದಿಳಿದು ಸಾಮಾನಿಗಾಗಿ ಕಾಯುವಾಗ, ಎಲ್ಲೆಡೆಯೂ ನಟರಾಜನ್ ನನ್ನ ಭಾಷಣವನ್ನು ಅಭಿನಯಸಹಿತ ಪುನಃ ಮಾಡಿ ತೋರಿಸುತ್ತಿದ್ದರು. ಪೆಣ್ಣಾರ್ ನದಿಯನ್ನು ಬಿಟ್ಟರೆ ಉಳಿದದ್ದೆಲ್ಲ ಅವರಿಗೆ ಬಾಯಿಪಾಠವಾಗಿತ್ತು. ಮನೆಗೆ ಬಂದ ಮೇಲೆ ವಿಮಲೆ ನನ್ನೊಡನೆ ಅಗತ್ಯಕ್ಕೆ ತಕ್ಕಷ್ಟು ಮಾತ್ರ ಮಾತನಾಡಿದಳು. ಶೋಳಿಂಗನಲ್ಲೂರಿನಿಂದ ಬಂದ ಮೊಮ್ಮಗಳು ಎಲ್ಲವನ್ನೂ ಕೇಳಿ, "ಏನ್ ತಾತಾ, ಒರು ಅಂಜು ನಾಳ್ ಚುಮ್ಮಾ ಇರುಕ್ಕ ಮುಡಿಯಲಿಯಾ?" ಎಂದು ತಮಿಳಿನಲ್ಲೇ ಗದರಿಸಿದಳು. ಐದು ದಿನ ಸುಮ್ಮನಿರಲಾಗಲಿಲ್ಲವೇ ಎಂದು. ಎರಡೂವರೆ ದಿನ ಇದ್ದೆನಮ್ಮಾ, ಎಂದೆ.

ಭಾನುವಾರ ಸಂಘದ ಮೀಟಿಂಗು. ಕಟ್ಟಡದ ಕೆಳಗೆ, ಕಾರುಗಳ ನಡುವೆ, ಪ್ಲಾಸ್ಟಿಕ್ ಕುರ್ಚಿಗಳು. ವಾಲ್ವಿನ ವಿಷಯ ಬಂದೊಡನೆ ನಟರಾಜನ್ ಗಂಟಲು ಸರಿಪಡಿಸಿಕೊಂಡು, ರಾವ್ ಸಾರ್ ಅವರು ವಿದೇಶದಲ್ಲಿ ಕೊಟ್ಟ ಹೇಳಿಕೆಯನ್ನು ತಾವು ಓದಬಯಸುವುದಾಗಿ ಹೇಳಿದರು. ಬರೆದೇ ತಂದಿದ್ದರು! ವಿಮಲೆ ಹಿಂದಿನ ಸಾಲಿನಲ್ಲಿ ಕುಳಿತಿದ್ದಳು. ನಾನು ಎದ್ದು ನಿಂತೆ. ಬಣ್ಣದ ಗೆರೆ, ಚರಂಡಿಯ ಇಳಿಜಾರು, ಒತ್ತಡ, ಇವುಗಳ ಮೇಲೆ ಮೂರು ಪುಟ ಬರೆದುಕೊಂಡು ಬಂದಿದ್ದೆ. ತಿರುಗಿ ನೋಡಿದೆ, ಅವಳು ತನ್ನ ಮಂಡಿಯನ್ನು ಅಂಗೈಯಿಂದ ಮೆಲ್ಲಗೆ ಒತ್ತಿಕೊಳ್ಳುತ್ತಿದ್ದಳು. ಮೂರು ಪುಟಗಳನ್ನೂ ಮಡಿಸಿ ಜೇಬಿಗಿಟ್ಟೆ.

"ನಾನು ಹೇಳಿದ್ದು ತಪ್ಪು," ಎಂದೆ. ಎಲ್ಲರಿಗೂ ತಿಳಿಯಲೆಂದು ತಮಿಳಿನಲ್ಲೂ ಹೇಳಿದೆ. "ನಾನ್ ಸೊನ್ನದು ತಪ್ಪು."

ಆ ಕಟ್ಟಡದಲ್ಲಿ ನಾವು ಇಪ್ಪತ್ತೆರಡು ವರ್ಷಗಳಿಂದ ಇದ್ದೇವೆ. ಆ ವಾಕ್ಯವನ್ನು ನನ್ನ ಬಾಯಿಂದ ಯಾರೂ ಕೇಳಿರಲಿಲ್ಲ. ನನಗೇ ನನ್ನ ಧ್ವನಿ ಗುರುತು ಸಿಗಲಿಲ್ಲ. ಎರಡನೆಯ ಮಹಡಿಯ ಮಾಮಿ ಕಾಫಿಯ ಲೋಟವನ್ನು ತುಟಿಯ ಬಳಿಯೇ ನಿಲ್ಲಿಸಿದರು. ನಟರಾಜನ್ ಕನ್ನಡಕವನ್ನು ಹಣೆಗೇರಿಸಿ, ಗೋಡೆಯ ಗೆರೆಯನ್ನು ನೋಡುವಂತೆ ನನ್ನನ್ನು ನೋಡಿದರು.

"ತಪ್ಪುನ್ನು ಮಿನಿಟ್ಸ್‌ಲೆ ಎಳುದಲಾಮಾ ಸಾರ್?" ತಪ್ಪೆಂದು ನಡವಳಿಯ ಪುಸ್ತಕದಲ್ಲಿ ಬರೆಯಬಹುದೇ?

"ಬರೆಯಿರಿ."

"ಕೈಯೆಳುತ್ತು ಪೋಡುವೀಂಗಳಾ?"

"ರುಜುವನ್ನೂ ಹಾಕುತ್ತೇನೆ."

ಅವರು ದೀರ್ಘವಾಗಿ ಉಸಿರುಬಿಟ್ಟರು. ಮನುಷ್ಯ ಕೆಟ್ಟವರಲ್ಲ. ತಾವು ಆರು ವರ್ಷ ಹಿಡಿದ ಹಟಕ್ಕೆ ಇಷ್ಟು ಸಿಕ್ಕರೆ ಸಾಕೆನಿಸಿರಬೇಕು. "ರಾವ್ ಸಾರೇ ತಪ್ಪುನ್ನು ಒತ್ತುಕ್ಕಿಟ್ಟಾರ್ನಾ, ತಣ್ಣಿಯುಂ ತಿರುಂಬಿ ವರಲಾಂ," ಎಂದರು. ರಾವ್ ಸಾರೇ ತಪ್ಪೊಪ್ಪಿಕೊಂಡ ಮೇಲೆ ನೀರೂ ಹಿಂದಿರುಗಬಹುದು. ಜನ ನಕ್ಕರು, ಕೈಗಳು ಎದ್ದವು, ವಾಲ್ವ್ ಮಂಜೂರಾಯಿತು. ನಡವಳಿ ಪುಸ್ತಕದಲ್ಲಿ ಇಂದಿಗೂ ಇದೆ: ನೆಲಮಹಡಿಯ ಶ್ರೀ ರಾವ್ ಅವರು ತಾವು ತಪ್ಪೆಂದು ಸಭೆಗೆ ತಿಳಿಸಿದರು. ಯಾವ ವಿಷಯದಲ್ಲಿ ಎಂದು ಬರೆದಿಲ್ಲ. ಹೀಗಾಗಿ ಅದು ಎಲ್ಲ ವಿಷಯಗಳಿಗೂ ಅನ್ವಯಿಸುತ್ತದೆಂದು ಲಿಫ್ಟಿನ ರಿಪೇರಿಯಿಂದ ಹಿಡಿದು ದೀಪಾವಳಿಯ ಸಿಹಿಯವರೆಗೆ ಎಲ್ಲ ಚರ್ಚೆಗಳಲ್ಲೂ ಅದನ್ನು ಉದ್ಧರಿಸುತ್ತಾರೆ.

ವಾಲ್ವ್ ಬಂತು. ವಿಮಲೆ ಎರಡೇ ದಿನದಲ್ಲಿ ಪೇಂಟರನ್ನು ಕರೆಸಿ ನಡುಮನೆಯ ಗೋಡೆಗೆ ತಿಳಿ ಹಳದಿ ಹೊಡೆಸಿದಳು; ನನ್ನ ಆರು ವರ್ಷದ ಗೆರೆಗಳು ಒಂದು ಮಧ್ಯಾಹ್ನದಲ್ಲಿ ಮುಗಿದವು. ಆಮೇಲೆ ಮಳೆಗಾಲ ಬಂತು. ಬೀದಿಯಲ್ಲಿ ಸ್ಕೂಟರುಗಳು ಅರ್ಧ ಮುಳುಗಿದವು. ನಾನು ಬಚ್ಚಲಿನ ಬಾಗಿಲಲ್ಲಿ ಸ್ಟೂಲು ಹಾಕಿಕೊಂಡು ಕಿಂಡಿಯನ್ನೇ ನೋಡುತ್ತ ಕುಳಿತೆ. ಒಂದು ಹನಿಯೂ ಬರಲಿಲ್ಲ. ಮಳೆ ನಿಂತ ಬೆಳಗ್ಗೆ ನಟರಾಜನ್ ಒಣಗಿದ ಮೆಟ್ಟಿಲುಗಳನ್ನು ಇಳಿದು ಬಂದು, ನಮ್ಮ ಒಣ ನೆಲವನ್ನೂ ಹೊಸ ಗೋಡೆಯನ್ನೂ ಸುತ್ತಲೂ ನೋಡಿ ಹೇಳಿದರು: "ಪಾತ್ತೀಂಗಳಾ ಸಾರ್? ತಣ್ಣಿಯೇ ವರಲೈ. ವಾಲ್ವೇ ತೇವೈಯಿಲ್ಲೈ." ನೀರೇ ಬರಲಿಲ್ಲವಂತೆ, ವಾಲ್ವೇ ಬೇಕಿರಲಿಲ್ಲವಂತೆ!

ಅವರು ಹೋದ ಮೇಲೆ ನನ್ನ ನೋಟುಪುಸ್ತಕವನ್ನು ತೆಗೆದೆ. ಆರು ವರ್ಷದ ಅಂಕಿಗಳೂ ಅದರಲ್ಲಿದ್ದವು. ಆದರೆ ಅಕ್ಷರ ನನ್ನದು. ಅಳೆದವನು ನಾನು, ಬರೆದವನು ನಾನು, ರುಜು ಮಾಡಿದವನೂ ನಾನೇ, ಬೇರೆ ಸಾಕ್ಷಿಯಿಲ್ಲ. ಇಂಥ ರಿಜಿಸ್ಟರನ್ನು ಯಾವನಾದರೂ ಕಾವಲುಗಾರ ನನ್ನ ಮೇಜಿಗೆ ಕಳಿಸಿದ್ದರೆ ನಾನು ಒಪ್ಪುತ್ತಿದ್ದೆನೇ? ಗಾಡಿ ಹಿಡಿದು ಹೋಗಿ ನೋಡುತ್ತಿರಲಿಲ್ಲವೇ? ಬಹಳ ಹೊತ್ತು ಯೋಚಿಸಿ, ಅಡಿಗೆಮನೆಯ ಕಡೆಗೆ ಕೂಗಿದೆ:

"ವಿಮಲಾ, ಹಿಂದೆಲ್ಲ ಅಷ್ಟು ನೀರು ನಿಜವಾಗಿಯೂ ಬರುತ್ತಿತ್ತೇ? ನನಗೇಕೋ ಅನುಮಾನ."

ಸೌಟು ಹಿಡಿದುಕೊಂಡೇ ಅವಳು ಹೊರಗೆ ಬಂದಳು. ಮಳೆ ಹಿಡಿದ ಮೊದಲ ದಿನ ನಾನೊಬ್ಬನೇ ಸದ್ದಿಲ್ಲದೆ ಎತ್ತಿಟ್ಟ ಅವಳ ಕಬ್ಬಿಣದ ಟ್ರಂಕು ಇನ್ನೂ ಮಂಚದ ಮೇಲೆಯೇ ಇತ್ತು. ಅದನ್ನೊಮ್ಮೆ ನೋಡಿದಳು, ನನ್ನನ್ನೊಮ್ಮೆ ನೋಡಿದಳು.

"ಹಾಗಾದ್ರೆ ಅದನ್ನ ಕೆಳಗಿಡಿ, ನೋಡೋಣ," ಎಂದಳು.

ನಾನು ನೋಟುಪುಸ್ತಕವನ್ನು ಮುಚ್ಚಿ, ಟ್ರಂಕಿನ ಮೇಲೆಯೇ ಇಟ್ಟು, ಕಾಫಿ ಕೇಳಿದೆ.